ಚೆಂಡು, ಲೋಟ, ಯಜಮಾನಿಕೆ

"ಆಟದಲ್ಲಿ ಜಾತಿ ಎಲ್ಲಿದೆ ಸಾರ್? ಆಡೋನಿಗೆ ತಾಕತ್ತಿದ್ರೆ ಸಾಕು." ಈ ಮಾತು ನನಗೆ ಹೊಸದಲ್ಲ. ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ ತಾಲ್ಲೂಕುಗಳಲ್ಲಿ ಹಬ್ಬಕ್ಕೆ, ಜಾತ್ರೆಗೆ ಯುವಕ ಸಂಘದವರು ಟ್ಯೂಬ್‌ಲೈಟು ಕಟ್ಟಿ ನಡೆಸುವ ಕಬಡ್ಡಿ ಪಂದ್ಯಗಳಿಗೆ ತೀರ್ಪುಗಾರನಾಗಿ ಓಡಾಡಿದವನು ನಾನು. ಮಾತು ಹೇಳುವವರು ಕೆಟ್ಟವರೇನಲ್ಲ. ಅವರ ಕಣ್ಣಿಗೆ ಕಾಣುವುದನ್ನೇ ಹೇಳುತ್ತಾರೆ. ಕಬಡ್ಡಿಯಲ್ಲಿ ಮುಟ್ಟದಿದ್ದರೆ ಆಟವೇ ಇಲ್ಲ. ಕೇರಿಯ ಹುಡುಗ ಉಸಿರು ಕಟ್ಟಿ ಗೆರೆ ದಾಟಿ ಹೋಗಿ ಊರಿನ ಹುಡುಗನನ್ನು ಮುಟ್ಟಿ ಬಂದರೆ ಪಾಯಿಂಟು. ಆಚೆಯವರು ನಾಲ್ಕು ಜನ ಮೇಲೆ ಬಿದ್ದು ಅವನ ಸೊಂಟ, ತೊಡೆ ತಬ್ಬಿ ಹಿಡಿದರೆ ಅದೂ ಪಾಯಿಂಟು. ಅಷ್ಟು ಹೊತ್ತು ಮೈಗೆ ಮೈ ತಾಗಿಸಿದ ತಂಡವೇ ಊಟಕ್ಕೆ ಎಲೆ ಹಾಕುವಾಗ ಎರಡಾಗುವುದನ್ನೂ ನಾನು ನೋಡಿದ್ದೇನೆ. ಊರಿನ ಹೆಸರು ಬೇಡ. ಅದು ಒಂದೂರಿನ ಕತೆಯಲ್ಲ.

ಆದ್ದರಿಂದ ಆಟದಲ್ಲಿ ಜಾತಿ ಇದೆಯೋ ಇಲ್ಲವೋ ಎಂಬ ಪ್ರಶ್ನೆಯಿಂದ ನಮಗೆ ಹೆಚ್ಚು ಪ್ರಯೋಜನವಿಲ್ಲ. ಜಾತಿ ಎಲ್ಲಿ ಬಿಡುತ್ತದೆ, ಎಲ್ಲಿ ತಡೆಯುತ್ತದೆ ಅಂತ ಕೇಳಬೇಕು. ನನ್ನ ಲೆಕ್ಕದಲ್ಲಿ ನೋಡಬೇಕಾದ ಜಾಗ ಮೂರು. ಒಂದು ಚೆಂಡು, ಅಂದ್ರೆ ಆಡುವ ಅವಕಾಶ. ಎರಡು ಲೋಟ, ಅಂದ್ರೆ ಜೊತೆಯಲ್ಲಿ ಉಣ್ಣುವುದು, ಕುಡಿಯುವುದು. ಮೂರು ಯಜಮಾನಿಕೆ, ಅಂದ್ರೆ ಯಾರು ಎಲ್ಲಿ ನಿಲ್ಲಬೇಕು ಎಂದು ಹೇಳುವ ಅಧಿಕಾರ. ಈ ಮೂರನ್ನೂ ಒಂದೇ ಬದುಕಿನಲ್ಲಿ ಕಂಡವರು ನಮ್ಮ ಧಾರವಾಡದಲ್ಲೇ ಹುಟ್ಟಿದ ಪಲವಣಕರ್ ಬಾಲೂ. ಅವರ ಪಕ್ಕದಲ್ಲಿ ಅಮೆರಿಕದ ಬ್ಯಾಸ್ಕೆಟ್‌ಬಾಲ್ ಆಟಗಾರ ಅರ್ಲ್ ಲಾಯ್ಡ್ ಅವರನ್ನೂ ನಿಲ್ಲಿಸಿ ನೋಡಿದರೆ ವಿಷಯ ಇನ್ನೂ ಸ್ಪಷ್ಟವಾಗುತ್ತದೆ.

ಬಾಲೂ ಹುಟ್ಟಿದ್ದು 1875-76ರ ಹೊತ್ತಿಗೆ, ಧಾರವಾಡದಲ್ಲಿ. ಜಾತಿಯಲ್ಲಿ ಚಮ್ಮಾರರು. ಮನೆತನದ ಮೂಲ ಕೊಂಕಣದ ಕಡೆಯದು. ಅಪ್ಪನದು ಸೈನ್ಯಕ್ಕೆ ಅಂಟಿಕೊಂಡ ಚಾಕರಿ. ಹಾಗಾಗಿ ಕುಟುಂಬ ಪುಣೆಗೆ ಹೋಯಿತು. ದಂಡಿನ ಪೇಟೆಯಲ್ಲಿ ಬೆಳೆದ ಹುಡುಗರಿಗೆ ಸಿಪಾಯಿಗಳು ಆಡಿ ಬಿಟ್ಟ ಬ್ಯಾಟು, ಚೆಂಡುಗಳೇ ಪಾಠಶಾಲೆ. ಬಾಲೂ ಅವರ ಮೊದಲ ಕೆಲಸ ಪಾರ್ಸಿಗಳ ಕ್ರಿಕೆಟ್ ಕ್ಲಬ್ಬೊಂದರಲ್ಲಿ: ಮೈದಾನ ಗುಡಿಸುವುದು, ಪಿಚ್ಚಿನ ಮೇಲೆ ರೋಲರ್ ಎಳೆಯುವುದು. ಸಂಬಳ ತಿಂಗಳಿಗೆ 3 ರೂಪಾಯಿ. 1892ರ ಸುಮಾರಿಗೆ ಯುರೋಪಿಯನ್ನರ ಪೂನಾ ಕ್ಲಬ್ಬಿಗೆ ಸೇರಿದಾಗ ಅದು 4 ರೂಪಾಯಿ ಆಯಿತು. ಅಲ್ಲಿ ಬಲೆ ಕಟ್ಟಬೇಕು, ಟೆನಿಸ್ ಅಂಕಣಕ್ಕೆ ಸುಣ್ಣದ ಗೆರೆ ಎಳೆಯಬೇಕು, ಹೊತ್ತು ಸಿಕ್ಕಾಗ ದೊರೆಗಳ ಅಭ್ಯಾಸಕ್ಕೆ ಚೆಂಡು ಎಸೆಯಬೇಕು.

ಎಡಗೈಯ ನಿಧಾನ ಬೌಲಿಂಗ್ ಅವರದು. ಆ ಕಾಲದ ಹೆಸರಾಂತ ಬ್ಯಾಟ್ಸ್‌ಮನ್, ಸೈನ್ಯಾಧಿಕಾರಿ ಗ್ರೇಗ್, ಉಳಿದವರಿಗಿಂತ ಮೊದಲೇ ಬಂದು ಬಾಲೂ ಅವರಿಂದ ಚೆಂಡು ಹಾಕಿಸಿಕೊಂಡು ಅಭ್ಯಾಸ ಮಾಡುತ್ತಿದ್ದರಂತೆ. ತನ್ನನ್ನು ಔಟು ಮಾಡಿದಾಗಲೆಲ್ಲ ಎಂಟಾಣೆ ಕೊಡುತ್ತಿದ್ದರು ಎಂಬ ಕತೆಯೂ ಇದೆ. ಕತೆ ನಿಜವೋ ಸುಳ್ಳೋ, ಒಂದು ಮಾತು ಗಮನಿಸಿ. ಗಂಟೆಗಟ್ಟಲೆ ಚೆಂಡು ಎಸೆದ ಈ ಹುಡುಗನ ಕೈಗೆ ಅಲ್ಲಿ ಬ್ಯಾಟು ಬರಲಿಲ್ಲ. ಬ್ಯಾಟಿಂಗ್ ದೊರೆಗಳದ್ದು, ಬೌಲಿಂಗ್ ಆಳಿನದ್ದು. ಅಂದರೆ ಅವರ ಪ್ರತಿಭೆ ಆಟದೊಳಗೆ ಬಂದದ್ದು ಕೂಲಿಯ ರೂಪದಲ್ಲಿ. ನೆಲ ಗುಡಿಸುವುದರ ಮುಂದುವರಿಕೆಯಾಗಿ ಬೌಲಿಂಗ್. ಇದನ್ನು ಮರೆತು "ಬಿಳಿಯರು ಗುಣ ನೋಡಿದರು, ಜಾತಿ ನೋಡಲಿಲ್ಲ" ಎಂದು ಹಾಡಿ ಹೊಗಳುವುದರಲ್ಲಿ ಅರ್ಥವಿಲ್ಲ.

ಸುದ್ದಿ ಪುಣೆಯ ಹಿಂದೂ ಕ್ಲಬ್ಬಿಗೆ ಮುಟ್ಟಿತು. ಅವರಿಗೆ ಯುರೋಪಿಯನ್ನರ ತಂಡವನ್ನು ಸೋಲಿಸುವ ಆಸೆ. ಸೋಲಿಸಬಲ್ಲ ಬೌಲರ್ ಚಮ್ಮಾರ. ವಾದ ನಡೆಯಿತು. ಕೆಲವರು ಬೇಡವೆಂದರು, ಕೆಲವರು ಗೆಲುವು ಮುಖ್ಯವೆಂದರು. ಕೊನೆಗೆ ತಂಡಕ್ಕೆ ಸೇರಿಸಿಕೊಂಡರು. ಮೈದಾನದಲ್ಲಿ ಎಲ್ಲರೂ ಮುಟ್ಟಿದ ಚೆಂಡನ್ನೇ ಬಾಲೂ ಮುಟ್ಟಿದರು. ಚಹಾ ವಿರಾಮ ಬಂದಾಗ ಉಳಿದವರು ಪೆವಿಲಿಯನ್ನಿನ ಒಳಗೆ ಪಿಂಗಾಣಿ ಬಟ್ಟಲಲ್ಲಿ ಕುಡಿದರೆ, ಬಾಲೂ ಹೊರಗೆ, ಕುಡಿದು ಎಸೆಯುವ ಮಣ್ಣಿನ ಕುಡಿಕೆಯಲ್ಲಿ ಕುಡಿದರು. ಊಟಕ್ಕೆ ಬೇರೆ ತಟ್ಟೆ, ಬೇರೆ ಮೇಜು. ಮುಖ ತೊಳೆಯಲು ನೀರು ಹಾಕುವವನೂ ಇನ್ನೊಬ್ಬ ಅಸ್ಪೃಶ್ಯನೇ ಆಗಬೇಕಿತ್ತು.

ನಮ್ಮ ನಾಲ್ಕು ತಾಲ್ಲೂಕಿನ ಹಿರಿಯರಿಗೆ ಇದನ್ನು ವಿವರಿಸಬೇಕಾಗಿಲ್ಲ. ಹೋಟೆಲಿನ ಸೂರಿಗೆ ಸಿಕ್ಕಿಸಿಟ್ಟ ಬೇರೆ ಲೋಟ, ತೆಂಗಿನ ಚಿಪ್ಪು ಅವರ ನೆನಪಿನಲ್ಲಿವೆ. ನನಗೆ ಇದಕ್ಕಿಂತ ಹೆಚ್ಚು ಕಾಡುವುದು ಚೆಂಡೇ. ಕ್ರಿಕೆಟ್ ಚೆಂಡಿನ ಮೇಲು ಹೊದಿಕೆ ಚರ್ಮ. ಅದನ್ನು ಹದ ಮಾಡಿ ಹೊಲಿಯುವ ಕೈ ಯಾವ ಜಾತಿಯದೆಂದು ಎಲ್ಲರಿಗೂ ಗೊತ್ತು. ಬ್ರಾಹ್ಮಣ ಆಟಗಾರ ಆ ಚರ್ಮವನ್ನು ಇಡೀ ದಿನ ಹಿಡಿಯಬಹುದು. ಚರ್ಮದ ಕೆಲಸದವನ ಮಗ ಮುಟ್ಟಿದ ಬಟ್ಟಲನ್ನು ಹಿಡಿಯುವಂತಿಲ್ಲ. ನಾಗಮಂಗಲ, ಕೆ.ಆರ್. ಪೇಟೆಯ ಬೆದ್ದಲು ಸೀಮೆಯಲ್ಲಿ ಕಪಿಲೆ ಹೊಡೆಯುತ್ತಿದ್ದ ಕಾಲವನ್ನು ನೆನೆಯಿರಿ. ಮಾದಿಗರು ಹೊಲಿದ ಚರ್ಮದ ಬಾನಿ ಬಾವಿಗೆ ಇಳಿಯುತ್ತಿತ್ತು. ಅದೇ ನೀರು ಪೈರಿಗೆ ಹೋಗುತ್ತಿತ್ತು. ಹೊಲಿದವನು ಮಾತ್ರ ಊರ ಸೇದುವ ಬಾವಿಯ ಕಟ್ಟೆ ಹತ್ತುವಂತಿರಲಿಲ್ಲ. ಮೈಲಿಗೆ ಚರ್ಮದಲ್ಲಿಲ್ಲ, ಮುಟ್ಟುವುದರಲ್ಲೂ ಇಲ್ಲ ಎಂಬುದಕ್ಕೆ ಇದಕ್ಕಿಂತ ಪುರಾವೆ ಬೇಕೆ? ದುಡಿತ ಬೇಕಾದಾಗ ಮೈಲಿಗೆ ಪಕ್ಕಕ್ಕೆ ಸರಿಯುತ್ತದೆ. ದುಡಿದವನು ಪಕ್ಕದಲ್ಲಿ ಕೂತಾಗ ಮತ್ತೆ ಬರುತ್ತದೆ.

ಬಾಲೂ ಆಡಿದ ಮೇಲೆ ಪುಣೆಯ ಹಿಂದೂಗಳು ಯುರೋಪಿಯನ್ನರನ್ನು ಸೋಲಿಸಿದರು. ಸಭೆಗಳಲ್ಲಿ ಸನ್ಮಾನಗಳಾದವು. ಇವನ ಜೊತೆ ಆಡುವುದಾದರೆ ಇವನ ಜೊತೆ ಉಣ್ಣಲೂ ಬೇಕು ಎಂದು ನ್ಯಾಯಮೂರ್ತಿ ರಾನಡೆ ತಮ್ಮವರಿಗೆ ಹೇಳಿದರೆಂದು ಬರೆದಿಟ್ಟಿದ್ದಾರೆ. ಸರಳ ಮಾತು. ಚೆಂಡಿನಿಂದ ಲೋಟಕ್ಕೆ ಇರುವ ದೂರ ಎಷ್ಟೆಂದು ಆ ಮಾತು ಅಳೆದು ತೋರಿಸುತ್ತದೆ.

ಮುಂದೆ ಬಾಲೂ ಮುಂಬೈಗೆ ಹೋದರು. ರೈಲ್ವೆಯಲ್ಲಿ ನೌಕರಿ, ಹಿಂದೂ ಜಿಮ್ಖಾನಾದಲ್ಲಿ ಆಟ. 1906ರಲ್ಲಿ ಹಿಂದೂ ತಂಡ ಯುರೋಪಿಯನ್ನರನ್ನು 109 ರನ್ನುಗಳಿಂದ ಸೋಲಿಸಿತು. ಆ ತಂಡದಲ್ಲಿ ಬಾಲೂ ಜೊತೆಗೆ ತಮ್ಮ ಶಿವರಾಮನೂ ಇದ್ದರು. ಮುಂಬೈಯ 'ಇಂಡಿಯನ್ ಸೋಷಿಯಲ್ ರಿಫಾರ್ಮರ್' ಪತ್ರಿಕೆ ಇದನ್ನು ಆಟದ ಸುದ್ದಿಯಾಗಿ ಬಿಡದೆ, ಚಮ್ಮಾರ ಅಣ್ಣತಮ್ಮಂದಿರನ್ನು ಜಿಮ್ಖಾನಾ ಒಳಗೆ ಬಿಟ್ಟುಕೊಂಡಿದ್ದು ಸಮಾಜ ಸುಧಾರಣೆಯ ಹೆಜ್ಜೆ ಎಂದು ಬರೆಯಿತು. ಪುಣೆಯಲ್ಲಿ ಆಗದಿದ್ದ ಸಹಭೋಜನ ಮುಂಬೈಯಲ್ಲಿ ಆಯಿತೆಂಬುದೂ ಆ ಹೊತ್ತಿನ ಚರ್ಚೆ. 1911ರಲ್ಲಿ ಪಟಿಯಾಲದ ಮಹಾರಾಜರ ನಾಯಕತ್ವದಲ್ಲಿ ಭಾರತದ ತಂಡ ಇಂಗ್ಲೆಂಡಿಗೆ ಹೋಯಿತು. ಪ್ರಥಮ ದರ್ಜೆಯ 14 ಪಂದ್ಯಗಳಲ್ಲಿ ಗೆದ್ದದ್ದು 2, ಸೋತದ್ದು 10. ಅಂಥ ಸೋಲಿನ ಪ್ರವಾಸದಲ್ಲಿ ಬಾಲೂ ಒಟ್ಟು 114 ವಿಕೆಟ್ ತೆಗೆದರು. ಅದರಲ್ಲಿ ಪ್ರಥಮ ದರ್ಜೆಯವೇ 75. ಆಗ ಅವರ ವಯಸ್ಸು ಮೂವತ್ತೈದು. ಊರಿಗೆ ಮರಳಿದಾಗ ಮುಂಬೈಯ ದಲಿತರು ಸನ್ಮಾನ ಮಾಡಿದರು. ಆ ಮಾನಪತ್ರದ ಹಿಂದೆ ಕಾಲೇಜು ಹುಡುಗನಾಗಿದ್ದ ಅಂಬೇಡ್ಕರರು ಇದ್ದರೆಂದು ಚರಿತ್ರೆಕಾರರು ಹೇಳುತ್ತಾರೆ.

ಚೆಂಡು ಸಿಕ್ಕಿತು. ಕುಂಟುತ್ತ ಕುಂಟುತ್ತ ಲೋಟವೂ ಸಿಕ್ಕಿತು. ಇನ್ನು ಯಜಮಾನಿಕೆ.

ಮುಂಬೈಯಲ್ಲಿ ಪ್ರತಿ ವರ್ಷ ಹಿಂದೂ, ಪಾರ್ಸಿ, ಯುರೋಪಿಯನ್ ತಂಡಗಳ ನಡುವೆ, 1912ರಿಂದ ಮುಸ್ಲಿಂ ತಂಡವೂ ಸೇರಿ, ಪಂದ್ಯಾವಳಿ ನಡೆಯುತ್ತಿತ್ತು. ಹಿಂದೂ ತಂಡದಲ್ಲಿ ಬಾಲೂ ಅವರಷ್ಟು ಹಿರಿಯ, ಅವರಷ್ಟು ಗೆಲ್ಲಿಸಿಕೊಟ್ಟ ಆಟಗಾರ ಇನ್ನೊಬ್ಬನಿರಲಿಲ್ಲ. ಆದರೂ ವರ್ಷ ವರ್ಷ ನಾಯಕತ್ವ ಬೇರೆಯವರ ಪಾಲಾಯಿತು. ನಾಯಕರಾಗಿದ್ದ ಎಂ.ಡಿ. ಪೈ ಅವರೇ ಈ ಗೌರವ ಬಾಲೂ ಅವರಿಗೆ ಸಲ್ಲಬೇಕಿತ್ತು ಎಂದು ಬಹಿರಂಗವಾಗಿ ಹೇಳಿದ್ದರು. ಹೇಳಿದ್ದಷ್ಟೇ. 1920ರಲ್ಲಿ ಪೈ ಆಡಲಾಗದೆ ಹೋದಾಗ ದೇವಧರ್ ಅವರನ್ನು ನಾಯಕರನ್ನಾಗಿ ಮಾಡಿದರು. ಬಾಲೂ ಅವರನ್ನು ತಂಡದಿಂದಲೇ ಬಿಟ್ಟರು. ತಮ್ಮಂದಿರಾದ ವಿಠ್ಠಲ್ ಮತ್ತು ಶಿವರಾಮ್ ಇದು ಜಾತಿಯ ಕಾರಣಕ್ಕೆ ಆದ ಅವಮಾನವೆಂದು ಹೇಳಿಕೆ ಕೊಟ್ಟು ಹೊರಗುಳಿದರು. ಅವತ್ತಿನ ಮಟ್ಟಿಗೆ ಅದು ಒಂದು ಮುಷ್ಕರವೇ. ಪತ್ರಿಕೆಗಳಲ್ಲಿ ಗದ್ದಲವಾಯಿತು. ಮುಂದಿನ ಪಂದ್ಯಕ್ಕೆ ಅಣ್ಣತಮ್ಮಂದಿರನ್ನು ಕರೆದರು, ಬಾಲೂ ಅವರಿಗೆ ಉಪನಾಯಕನ ಜಾಗ ಕೊಟ್ಟರು. ಪೂರ್ಣ ನಾಯಕತ್ವ ಆ ಮನೆಗೆ ಬಂದದ್ದು 1923ರಲ್ಲಿ, ತಮ್ಮ ವಿಠ್ಠಲ್ ಅವರ ಕಾಲಕ್ಕೆ. ಆ ವರ್ಷ ಹಿಂದೂ ತಂಡವೇ ಗೆದ್ದಿತು. ಅಷ್ಟು ಹೊತ್ತಿಗೆ ಬಾಲೂ ಆಟ ಬಿಟ್ಟಾಗಿತ್ತು. ಪ್ರಥಮ ದರ್ಜೆಯ 33 ಪಂದ್ಯಗಳಲ್ಲಿ 179 ವಿಕೆಟ್. ಚೆಂಡಿನಿಂದ ಯಜಮಾನಿಕೆಗೆ ನಡೆಯಲು ಒಂದು ಕುಟುಂಬಕ್ಕೆ ಕಾಲು ಶತಮಾನಕ್ಕೂ ಹೆಚ್ಚು ಹಿಡಿಯಿತು.

ಈಗ ಸಮುದ್ರದಾಚೆಗೆ ಹೋಗೋಣ. ಅರ್ಲ್ ಲಾಯ್ಡ್ 1928ರಲ್ಲಿ ವರ್ಜೀನಿಯಾ ರಾಜ್ಯದ ಅಲೆಕ್ಸಾಂಡ್ರಿಯಾದಲ್ಲಿ ಹುಟ್ಟಿದರು. ಕರಿಯರ ಶಾಲೆ ಬೇರೆ, ಬಿಳಿಯರ ಶಾಲೆ ಬೇರೆ ಎಂದು ಕಾನೂನೇ ಹೇಳುತ್ತಿದ್ದ ರಾಜ್ಯ ಅದು. ಓದಿದ್ದು ಕರಿಯರಿಗಾಗಿ ಇದ್ದ ವೆಸ್ಟ್ ವರ್ಜೀನಿಯಾ ಸ್ಟೇಟ್ ಕಾಲೇಜಿನಲ್ಲಿ. ಎನ್‌ಬಿಎ ಎಂಬ ವೃತ್ತಿಪರ ಬ್ಯಾಸ್ಕೆಟ್‌ಬಾಲ್ ಸಂಸ್ಥೆ 1950ರವರೆಗೂ ಕರಿಯ ಆಟಗಾರನನ್ನು ಅಂಕಣಕ್ಕೆ ಇಳಿಸಿರಲಿಲ್ಲ. ಆ ವರ್ಷ ಮೂರು ಜನ ಬಂದರು: ಬಾಸ್ಟನ್ ತಂಡಕ್ಕೆ ಚಕ್ ಕೂಪರ್, ನ್ಯೂಯಾರ್ಕಿಗೆ ನ್ಯಾಟ್ ಕ್ಲಿಫ್ಟನ್, ವಾಷಿಂಗ್ಟನ್ನಿಗೆ ಲಾಯ್ಡ್. ವೇಳಾಪಟ್ಟಿಯಲ್ಲಿ ವಾಷಿಂಗ್ಟನ್ ತಂಡದ ಪಂದ್ಯ ಮೊದಲು ಬಿದ್ದದ್ದರಿಂದ 1950ರ ಅಕ್ಟೋಬರ್ 31ರಂದು ರಾಚೆಸ್ಟರಿನಲ್ಲಿ ಅಂಕಣಕ್ಕೆ ಇಳಿದ ಲಾಯ್ಡ್ ಮೊದಲಿಗರಾದರು. ಏಳು ಪಂದ್ಯ ಆಡುವಷ್ಟರಲ್ಲಿ ಸೈನ್ಯಕ್ಕೆ ಕರೆ ಬಂತು. ವಾಪಸು ಬಂದು ಸಿರಾಕ್ಯೂಸ್ ತಂಡ ಸೇರಿ 1955ರಲ್ಲಿ ಆ ತಂಡದ ಜೊತೆ ಚಾಂಪಿಯನ್ನರಾದರು. 1960ರಲ್ಲಿ ಆಟ ನಿಲ್ಲಿಸಿದರು.

ಲಾಯ್ಡ್ ಅವರಿಗೂ ಅವರ ಜೊತೆಯವರಿಗೂ ಹೆಚ್ಚಾಗಿ ಸಿಕ್ಕ ಕೆಲಸ ಯಾವುದು ಗೊತ್ತೇ? ಎದುರಾಳಿಯನ್ನು ತಡೆಯುವುದು, ಬುಟ್ಟಿಗೆ ಬಡಿದು ಹಿಂದಕ್ಕೆ ಚಿಮ್ಮಿದ ಚೆಂಡನ್ನು ಹಿಡಿದು ಕೊಡುವುದು. ಬುಟ್ಟಿಗೆ ಹಾಕಿ ಚಪ್ಪಾಳೆ ಗಿಟ್ಟಿಸುವ ಕೆಲಸ ಇನ್ನೊಬ್ಬರದು. ಬೌಲಿಂಗ್ ಮಾಡು, ಬ್ಯಾಟು ಮುಟ್ಟಬೇಡ ಎಂದ ಪುಣೆಯ ಕ್ಲಬ್ಬು ನೆನಪಾಗುವುದಿಲ್ಲವೆ? ಲೋಟದ ಮಾತೂ ಇದೆ. ಪರಊರಿಗೆ ಹೋದಾಗ ಕೆಲವು ಹೋಟೆಲುಗಳಲ್ಲಿ ಲಾಯ್ಡ್ ಊಟದ ಕೋಣೆಗೆ ಬರುವಂತಿರಲಿಲ್ಲ. ಫೋರ್ಟ್ ವೇಯ್ನ್ ಎಂಬ ಊರಲ್ಲಿ ಹಾಗಾದಾಗ ವಾಷಿಂಗ್ಟನ್ ತಂಡದ ತರಬೇತುದಾರ, ಬಿಳಿಯ ಮೆಕಿನ್ನಿ, ತಾನೇ ಲಾಯ್ಡ್ ಅವರ ಕೋಣೆಗೆ ಹೋಗಿ ಜೊತೆಯಲ್ಲಿ ಕೂತು ಉಂಡರಂತೆ. ಲಾಯ್ಡ್ ಅದನ್ನು ಮುದಿವಯಸ್ಸಿನವರೆಗೂ ಹೇಳಿಕೊಳ್ಳುತ್ತಿದ್ದರು. ಒಬ್ಬ ಮನುಷ್ಯ ಇನ್ನೊಬ್ಬನ ಜೊತೆ ಕೂತು ಉಂಡದ್ದು ಐವತ್ತು ವರ್ಷ ನೆನಪಿಡುವ ಸಂಗತಿಯಾಗಬೇಕಾಗಿ ಬಂತಲ್ಲ, ಆ ಸಮಾಜದ ಬಗ್ಗೆ ಅದೊಂದೇ ಸಾಕು.

ಯಜಮಾನಿಕೆಯೂ ತಡವಾಗಿಯೇ ಬಂತು. ಎನ್‌ಬಿಎ ತಂಡವೊಂದಕ್ಕೆ ಕರಿಯ ಮುಖ್ಯ ತರಬೇತುದಾರ ಬಂದದ್ದು 1966ರಲ್ಲಿ, ಬಾಸ್ಟನ್ನಿನ ಬಿಲ್ ರಸೆಲ್. ಚೆಂಡು ಸಿಕ್ಕ ಹದಿನಾರು ವರ್ಷಕ್ಕೆ. ಲಾಯ್ಡ್ 1971ರಲ್ಲಿ ಡೆಟ್ರಾಯಿಟ್ ತಂಡದ ತರಬೇತುದಾರರಾದರು, ಮರುವರ್ಷವೇ ಆ ಕೆಲಸ ಹೋಯಿತು. 2003ರಲ್ಲಿ ಗೌರವ ಸಿಕ್ಕಿತು, 2015ರಲ್ಲಿ ತೀರಿಕೊಂಡರು.

ಬಣ್ಣ ಬೇರೆ, ಜಾತಿ ಬೇರೆ ಎಂಬುದನ್ನು ನಾನು ಮರೆತಿಲ್ಲ. ಅಲ್ಲಿ ಇನ್ನೊಂದು ದಾರಿಯೂ ಇತ್ತು. ವಿಠ್ಠಲ್ ನಾಯಕರಾದ 1923ರಲ್ಲೇ ನ್ಯೂಯಾರ್ಕಿನಲ್ಲಿ 'ರೆನೆಸಾನ್ಸ್' ಎಂಬ, ಕರಿಯರೇ ಒಡೆಯರಾದ, ಕರಿಯರೇ ಆಡುವ ವೃತ್ತಿಪರ ತಂಡ ಹುಟ್ಟಿತು. 1939ರಲ್ಲಿ ಅದು ಬಿಳಿಯ ತಂಡಗಳೂ ಇದ್ದ ವಿಶ್ವ ವೃತ್ತಿಪರ ಪಂದ್ಯಾವಳಿಯನ್ನು ಗೆದ್ದಿತು. ಅಲ್ಲಿ ಚೆಂಡು, ಲೋಟ, ಯಜಮಾನಿಕೆ ಮೂರೂ ತಮ್ಮವೇ. ಹೊರಗಿಟ್ಟದ್ದರಿಂದ ಕಟ್ಟಿಕೊಂಡ ಮನೆ ನಿಜ, ಆದರೂ ಸ್ವಂತ ಮನೆ.

ಇದ್ದ ತಂಡದಲ್ಲಿ ಜಾಗ ಕೇಳುವುದೋ, ನಮ್ಮದೇ ತಂಡ ಕಟ್ಟುವುದೋ? 1932ರಲ್ಲಿ ಈ ದೇಶದ ದಲಿತರ ಮುಂದೆ ಇದ್ದ ಪ್ರಶ್ನೆಯೂ ಇದೇ. ಅಂಬೇಡ್ಕರರು ಪ್ರತ್ಯೇಕ ಮತಕ್ಷೇತ್ರ ಕೇಳಿದರು. ಬಾಲೂ ಎಂ.ಸಿ. ರಾಜಾ ಅವರ ಜೊತೆ ನಿಂತು ಜಂಟಿ ಕ್ಷೇತ್ರ ಇರಲಿ ಎಂದರು. 1937ರಲ್ಲಿ ಮುಂಬೈ ಶಾಸನಸಭೆಯ ಚುನಾವಣೆಯಲ್ಲಿ ಕಾಂಗ್ರೆಸ್ಸು ಬಾಲೂ ಅವರನ್ನೇ ಅಂಬೇಡ್ಕರರ ಎದುರು ನಿಲ್ಲಿಸಿತು. ಅಂಬೇಡ್ಕರರಿಗೆ 13,245, ಬಾಲೂ ಅವರಿಗೆ 11,225 ಮತ. ಮಾನಪತ್ರ ಕೊಟ್ಟ ಹುಡುಗನೇ ಗೆದ್ದ.

ನಮ್ಮಲ್ಲಿ ಕೆಲವರು ಈ ಕಾರಣಕ್ಕೆ ಬಾಲೂ ಅವರ ಹೆಸರೆತ್ತುವುದಿಲ್ಲ. ಬಾಬಾಸಾಹೇಬರ ಎದುರು ನಿಂತವನ ಕತೆ ನಮಗ್ಯಾಕೆ ಅಂತಾರೆ. ನನಗೆ ಇದು ಸರಿ ಕಾಣುವುದಿಲ್ಲ. ಬಾಲೂ ಅವರ ರಾಜಕೀಯ ಅವರ ಆಟದ ಅನುಭವದಿಂದ ಬಂದದ್ದು. ಮೈದಾನದಲ್ಲಿ ಅವರಿಗೆ ಒಂದೊಂದೇ ಬಾಗಿಲು ತೆರೆದಿತ್ತು. ತಡೆದು ತಡೆದು ಆದರೂ ತೆರೆಯುತ್ತದೆ ಎಂದು ಅವರು ನಂಬಿದರು. ಅಂಬೇಡ್ಕರರು ಬೇರೆ ಲೆಕ್ಕ ಹಾಕಿದರು: ಇಂಥ ಅಸಾಧಾರಣ ಬೌಲರಿಗೇ ನಾಯಕತ್ವ ಸಿಗಲಿಲ್ಲವಾದರೆ ಸಾಧಾರಣ ದಲಿತನ ಗತಿಯೇನು? ಹೀಗೆಂದು ಅವರು ಎಲ್ಲೋ ಬರೆದಿದ್ದಾರೆಂದಲ್ಲ. ಅವರ ರಾಜಕೀಯದಿಂದ ನಾನು ತೆಗೆದ ಅರ್ಥ ಇದು. ಬಾಲೂ 1955ರಲ್ಲಿ ತೀರಿಕೊಂಡರು. ಅಂಬೇಡ್ಕರರು 1956ರಲ್ಲಿ ಹಿಂದೂ ಧರ್ಮವೆಂಬ ತಂಡವನ್ನೇ ಬಿಟ್ಟು ಹೊರಬಂದರು.

ಪಾಂಡವಪುರ ತಾಲ್ಲೂಕಿನ ಮೇಲುಕೋಟೆಯನ್ನು ಈ ಬೆಳಕಿನಲ್ಲಿ ನೋಡಿ. ಚೆಲುವಪಿಳ್ಳೆಯನ್ನು ಮರಳಿ ತರಲು ರಾಮಾನುಜರಿಗೆ ನೆರವಾದವರೆಂದು ನಮ್ಮವರಿಗೆ ತಿರುಕುಲದವರೆಂಬ ಹೆಸರು ಬಂತು, ವರ್ಷಕ್ಕೆ ಮೂರು ದಿನ ಗುಡಿಯ ಪ್ರವೇಶ ಸಿಕ್ಕಿತು ಎನ್ನುವುದು ಐತಿಹ್ಯ. ಮೂರು ದಿನದ ಪದ್ಧತಿ ಹಳೆಯ ಮೈಸೂರು ಗ್ಯಾಸೆಟಿಯರಿನಲ್ಲೂ ಇದೆ. ಇದನ್ನು ಉದಾರತೆಯ ಉದಾಹರಣೆಯಾಗಿ ಭಾಷಣಗಳಲ್ಲಿ ಕೇಳಿದ್ದೇವೆ. ದೊಡ್ಡ ಉಪಕಾರ ಮಾಡಿದ್ದಕ್ಕೆ ಮೂರು ದಿನ. ಉಪಕಾರ ಮಾಡದೆ ಸುಮ್ಮನೆ ಮನುಷ್ಯನಾಗಿದ್ದರೆ ಒಂದು ದಿನವೂ ಇಲ್ಲ. ಉಳಿದ ಮುನ್ನೂರ ಅರವತ್ತೆರಡು ದಿನದ ಲೆಕ್ಕ ಕೊಡುವವರು ಯಾರು?

ನನ್ನ ಮಾತಿನ ತಿರುಳು ಇಲ್ಲಿದೆ. ಬಾಲೂ ಕತೆಯಿಂದ "ಪ್ರತಿಭೆ ಜಾತಿಯನ್ನು ಗೆಲ್ಲುತ್ತದೆ" ಎಂಬ ನೀತಿ ತೆಗೆಯುವವರು, ಅವರ ತಂಡದಲ್ಲಿದ್ದ ಸಾಧಾರಣ ಮೇಲ್ಜಾತಿ ಆಟಗಾರರನ್ನು ಎಣಿಸುವುದಿಲ್ಲ. ಹತ್ತು ರನ್ನು ಹೊಡೆದು, ಒಂದು ಕ್ಯಾಚು ಬಿಟ್ಟು, ಪಿಂಗಾಣಿ ಬಟ್ಟಲಲ್ಲಿ ಚಹಾ ಕುಡಿದವರು ಅವರು. ಅವರಿಗೆ ಸಾಧಾರಣರಾಗಿರುವ ಹಕ್ಕಿತ್ತು. ಬಾಲೂ ಅವರಿಗೆ ಆ ಹಕ್ಕಿರಲಿಲ್ಲ. ಲಾಯ್ಡ್ ಅವರ ಮಹತ್ವ ನನಗೆ ಕಾಣುವುದೂ ಇಲ್ಲೇ. 560 ಪಂದ್ಯಗಳಲ್ಲಿ ಅವರ ಸರಾಸರಿ ಪಂದ್ಯಕ್ಕೆ 8.4 ಅಂಕ. ಒಳ್ಳೆಯ, ನಂಬಿಕಸ್ಥ ಆಟಗಾರ, ದಂತಕತೆಯಲ್ಲ. ಅಂಥವನಿಗೂ ಒಂಬತ್ತು ವರ್ಷದ ಬಾಳ್ವೆ ಸಿಕ್ಕಿತಲ್ಲ, ಅದು ಒಂದು ವಿಕ್ರಮದಷ್ಟೇ ದೊಡ್ಡದು.

ದಲಿತ ವಿಮರ್ಶೆಗೆ ಇದರಿಂದ ಎರಡು ಕೆಲಸ ಬರುತ್ತವೆ. ಮೊದಲನೆಯದು ದಾಖಲೆಯನ್ನು ಓದುವ ಕ್ರಮ. ಸ್ಕೋರ್ ಪುಸ್ತಕದಲ್ಲಿ 179 ವಿಕೆಟ್ ಇವೆ, ಮಣ್ಣಿನ ಕುಡಿಕೆ ಇಲ್ಲ. ತಮ್ಮ ವಿಠ್ಠಲ್ ಮರಾಠಿಯಲ್ಲಿ ಆತ್ಮಕತೆ ಬರೆದದ್ದರಿಂದ, ಅದನ್ನೂ ಹಳೆಯ ಪತ್ರಿಕೆಗಳನ್ನೂ ಓದಿ ರಾಮಚಂದ್ರ ಗುಹಾ 2002ರಲ್ಲಿ ದೊಡ್ಡ ಪುಸ್ತಕ ತಂದದ್ದರಿಂದ ನಮಗೆ ಇಷ್ಟಾದರೂ ಗೊತ್ತಾಯಿತು. ಕೃತಿಯನ್ನೂ ಹೀಗೇ ಓದಬೇಕು. ಬರೆದದ್ದರ ಪಕ್ಕದಲ್ಲಿ ಬರೆಯದೆ ಬಿಟ್ಟದ್ದನ್ನು ಇಟ್ಟುಕೊಂಡು ಓದಬೇಕು.

ಎರಡನೆಯದು ನಮ್ಮ ಬರಹಗಾರರ ಮೇಲೆ ಹೊರಿಸುವ ಭಾರ. ಕೇರಿಯಿಂದ ಬಂದ ಹುಡುಗಿಯೊಬ್ಬಳು ಮೊದಲ ಕವನ ಸಂಕಲನ ತಂದರೆ "ಮಹಾಕಾವ್ಯ ಎಲ್ಲಿ?" ಅಂತ ಕೇಳುತ್ತಾರೆ. ಸಾಧಾರಣವಾಗಿದ್ದರೆ ಮೀಸಲಾತಿಯ ಮಾತು ತೆಗೆಯುತ್ತಾರೆ. ಬೇರೆಯವರ ನೂರು ಸಾಧಾರಣ ಸಂಕಲನಗಳು ಗ್ರಂಥಾಲಯದ ಕಪಾಟಿನಲ್ಲಿ ನೆಮ್ಮದಿಯಾಗಿ ಕೂತಿವೆ. ನಮ್ಮ ವಿಮರ್ಶೆ ಉತ್ತಮವನ್ನು ಉತ್ತಮವೆನ್ನಬೇಕು, ಜಾಳಾದದ್ದನ್ನು ಜಾಳೆನ್ನಬೇಕು. ಅದರ ಜೊತೆಗೇ, ಜಾಳು ಬರೆದವರಿಗೂ ಮತ್ತೆ ಬರೆಯುವ ಜಾಗವಿದೆ ಎಂದು ಹೇಳುವ ಧೈರ್ಯವೂ ಇರಬೇಕು. ಎಲ್ಲರೂ ಬಾಲೂ ಆಗಿಯೇ ಬರಬೇಕೆಂದರೆ ಬಾಗಿಲು ಮುಚ್ಚಿದೆ ಎಂದೇ ಅರ್ಥ.

ನಾಲ್ಕು ತಾಲ್ಲೂಕಿನ ಗೆಳೆಯರಲ್ಲಿ ನನ್ನದೊಂದು ಬೇಡಿಕೆ. ನಿಮ್ಮೂರಿನ ಕೇರಿಯಲ್ಲಿ ಕಬಡ್ಡಿ ಆಡಿದವರು, ಗರಡಿಯ ಹೊರಗೆ ನಿಂತೇ ಪಟ್ಟು ಕಲಿತವರು ಇನ್ನೂ ಇದ್ದಾರೆ. ಹೋಗಿ ಕೂತು ಕೇಳಿ. ಎಷ್ಟು ಪಂದ್ಯ ಗೆದ್ದಿರಿ ಅಂತ ಕೇಳುವುದು ಆಮೇಲೆ. ಯಾರ ಜೊತೆ ಆಡಿದಿರಿ ಯಜಮಾನರೆ, ಆಟ ಮುಗಿದ ಮೇಲೆ ಎಲ್ಲಿ ಉಂಡಿರಿ, ತಂಡದ ಯಜಮಾನಿಕೆ ನಿಮಗೆ ಒಮ್ಮೆಯಾದರೂ ಸಿಕ್ಕಿತ್ತಾ? ಈ ಮೂರು ಕೇಳಿ, ಹೇಳಿದ್ದನ್ನು ಅವರ ಮಾತಲ್ಲೇ ಬರೆದುಕೊಳ್ಳಿ. ಚೆನ್ನಾಗಿ ಆಡಿದವರನ್ನು ಮಾತ್ರ ಹುಡುಕಬೇಡಿ. ಸುಮಾರಾಗಿ ಆಡಿದವರನ್ನೂ ಕೇಳಿ.